ಮುಖವಾಡವಿಲ್ಲದ ಸಂಗಡಿಗ: ನಟ ಜೇ ಸಿಲ್ವರ್‌ಹೀಲ್ಸ್

ಕಾಲೇಜಿನ ವಾರ್ಷಿಕೋತ್ಸವಕ್ಕೆ ನಾಟಕವನ್ನು ಗೊತ್ತುಮಾಡಿ ಪಾತ್ರಗಳನ್ನು ಹಂಚುವ ದಿನ ಒಂದು ಸಂಗತಿಯನ್ನು ನಾವೆಲ್ಲರೂ ಕಂಡಿದ್ದೇವೆ. ರಾಜನ ಪಾತ್ರಕ್ಕೆ ಐದು ಜನ ಮುಂದೆ ಬರುತ್ತಾರೆ. ರಾಜನ ಸೇವಕನ ಪಾತ್ರಕ್ಕೆ ಒಬ್ಬನೂ ಬರುವುದಿಲ್ಲ. ಕೊನೆಗೆ ಯಾರನ್ನೋ ಹಿಡಿದುತಂದು ಆ ವೇಷವನ್ನು ತೊಡಿಸಬೇಕಾಗುತ್ತದೆ. ಅವನಿಗಿರುವುದು ಹತ್ತು ಮಾತು. ಅವುಗಳಲ್ಲಿ ಏಳು ಬರಿಯ ಅಪ್ಪಣೆ, ಮಹಾಪ್ರಭು ಎಂಬುವೇ. ನಾಟಕ ಮುಗಿದ ಮೇಲೆ ಹೂವಿನ ಹಾರ ಬೀಳುವುದು ರಾಜನ ಕೊರಳಿಗೆ.

ಇಂತಹ ಸಂಗಡಿಗನ ವೇಷವೊಂದನ್ನು ಎಂಟು ವರ್ಷ ಕಾಲ ವಾರವಾರವೂ ತೊಟ್ಟು, ಅದರಿಂದಲೇ ಲೋಕಪ್ರಸಿದ್ಧನಾಗಿ, ಅದರಿಂದಲೇ ನೊಂದು, ಕೊನೆಗೆ ತನ್ನ ಜನರಿಗಾಗಿ ಅದನ್ನು ಮೀರಿದ ನಟನೊಬ್ಬನ ಕಥೆಯನ್ನು ಇಲ್ಲಿ ಹೇಳಬೇಕೆಂದಿದ್ದೇನೆ. ಅವನ ಹೆಸರು ಜೇ ಸಿಲ್ವರ್‌ಹೀಲ್ಸ್. ಅಮೆರಿಕದ ದೂರದರ್ಶನದಲ್ಲಿ 1949ರಿಂದ 1957ರವರೆಗೆ ನಡೆದ ಲೋನ್ ರೇಂಜರ್ ಎಂಬ ಕಥಾಮಾಲೆಯಲ್ಲಿ ನಾಯಕನ ಸಂಗಡಿಗ ಟಾಂಟೋ ಆಗಿ ನಟಿಸಿದವನು ಇವನೇ.

ಮೊದಲು ವೆಸ್ಟರ್ನ್ ಎಂಬ ಚಿತ್ರಪ್ರಕಾರದ ವಿಷಯವಾಗಿ ಎರಡು ಮಾತು. ಹತ್ತೊಂಬತ್ತನೆಯ ಶತಮಾನದ ಉತ್ತರಾರ್ಧದಲ್ಲಿ ಅಮೆರಿಕದ ಬಿಳಿಯರು ಪಶ್ಚಿಮದ ಬಯಲುಗಳಿಗೆ ವಲಸೆಹೋಗಿ ನೆಲೆನಿಂತ ಕಾಲವನ್ನು ಈ ಚಿತ್ರಗಳು ಚಿತ್ರಿಸುತ್ತವೆ. ಕುದುರೆ, ಕೋವಿ, ದನಗಾಹಿಗಳು, ಒಂಟಿ ಬೀದಿಯ ಊರು, ನ್ಯಾಯವನ್ನು ಬಂದೂಕಿನ ತುದಿಯಲ್ಲಿ ನಿಲ್ಲಿಸುವ ಷೆರೀಫ್—ಇವು ಅವುಗಳ ಸಾಮಗ್ರಿ. ಇವುಗಳ ಜೊತೆಗೆ ಇನ್ನೊಂದು ಸಾಮಗ್ರಿಯಾಗಿ ಇದ್ದವರು ಆ ನೆಲದ ಮೂಲನಿವಾಸಿಗಳು. ಗುಡ್ಡದ ಅಂಚಿನಲ್ಲಿ ಕುದುರೆಗಳ ಮೇಲೆ ಕಾಣಿಸಿಕೊಳ್ಳುವುದು, ಕೂಗುತ್ತ ಇಳಿದುಬರುವುದು, ಗುಂಡೇಟಿಗೆ ಉರುಳುವುದು—ಇಷ್ಟೇ ಅವರ ಕೆಲಸ. ಅವರಲ್ಲಿ ಯಾರಾದರೂ ಒಬ್ಬನಿಗೆ ಮುಖ್ಯಪಾತ್ರ ಬಂದರೆ ಅದನ್ನು ಸಾಮಾನ್ಯವಾಗಿ ಬಿಳಿಯ ನಟನೊಬ್ಬನು ಮೈಗೆ ಬಣ್ಣ ಬಳಿದುಕೊಂಡು ಮಾಡುತ್ತಿದ್ದನು.

ಆ ಜನರಿಗೆ ಇಂಡಿಯನ್ ಎಂಬ ಹೆಸರು ಬಂದ ಬಗೆ ನಮಗೆ ತಿಳಿದೇ ಇದೆ. 1492ರಲ್ಲಿ ಕೊಲಂಬಸನು ನಮ್ಮ ದೇಶದ ಕಡೆಗೆ ಹೊರಟು ಬೇರೊಂದು ಖಂಡವನ್ನು ಮುಟ್ಟಿ, ಅಲ್ಲಿದ್ದವರನ್ನು ನಮ್ಮ ಹೆಸರಿನಿಂದ ಕರೆದನು. ಒಬ್ಬ ನಾವಿಕನ ತಪ್ಪೆಣಿಕೆಯ ಫಲವಾಗಿ ನೂರಾರು ಬೇರೆಬೇರೆ ಜನಾಂಗಗಳು ತಮ್ಮದಲ್ಲದ ಒಂದೇ ಹೆಸರನ್ನು ಐದು ಶತಮಾನ ಹೊತ್ತುಬಂದವು. ನಮ್ಮ ಹೆಸರನ್ನು ಹೊತ್ತವರಾದ್ದರಿಂದ ಅವರ ಕಥೆಯನ್ನು ಕೇಳುವ ಸಣ್ಣದೊಂದು ಹಂಗು ನಮಗೂ ಉಂಟೆಂದು ನಾನು ಭಾವಿಸುತ್ತೇನೆ.

ಸಿಲ್ವರ್‌ಹೀಲ್ಸ್ 1912ನೆಯ ಇಸವಿ ಮೇ 26ರಂದು ಕೆನಡಾ ದೇಶದ ಒಂಟೇರಿಯೋ ಪ್ರಾಂತದಲ್ಲಿ ಗ್ರ್ಯಾಂಡ್ ನದಿಯ ದಡದಲ್ಲಿರುವ ಸಿಕ್ಸ್ ನೇಷನ್ಸ್ ಎಂಬ ಮೀಸಲು ಪ್ರದೇಶದಲ್ಲಿ ಹುಟ್ಟಿದನು. ತಂದೆತಾಯಿಗಳು ಇಟ್ಟ ಹೆಸರು ಹೆರಾಲ್ಡ್ ಜೇ ಸ್ಮಿತ್. ಸಿಕ್ಸ್ ನೇಷನ್ಸ್ ಎಂದರೆ ಆರು ಜನಾಂಗಗಳು. ಮೋಹಾಕ್, ಒನೈಡಾ, ಒನೊಂಡಾಗಾ, ಕಯೂಗಾ, ಸೆನೆಕಾ, ಟಸ್ಕರೋರಾ ಎಂಬ ಆರು ಜನಾಂಗಗಳು ಒಂದು ಒಕ್ಕೂಟವಾಗಿ ಬಾಳುತ್ತಿದ್ದವು. ಅಮೆರಿಕದ ಸ್ವಾತಂತ್ರ್ಯಯುದ್ಧದಲ್ಲಿ ಅವುಗಳಲ್ಲಿ ಹಲವರು ಬ್ರಿಟಿಷರ ಪಕ್ಷದಲ್ಲಿ ಕಾದಿ ತಮ್ಮ ನೆಲವನ್ನು ಕಳೆದುಕೊಂಡರು. ಅದಕ್ಕೆ ಪ್ರತಿಯಾಗಿ 1784ರಲ್ಲಿ ಬ್ರಿಟಿಷ್ ಆಡಳಿತವು ಗ್ರ್ಯಾಂಡ್ ನದಿಯ ಎರಡು ದಡಗಳಲ್ಲಿಯೂ ಆರಾರು ಮೈಲಿ ಅಗಲದ ಭೂಮಿಯನ್ನು ಅವರಿಗೆ ಬಿಟ್ಟುಕೊಟ್ಟಿತು. ಕಾಲಕ್ರಮದಲ್ಲಿ ಅದೂ ಕರಗುತ್ತ ಬಂದು ಸುಮಾರು ಇಪ್ಪತ್ತರಲ್ಲೊಂದು ಪಾಲು ಮಾತ್ರ ಅವರ ಕೈಯಲ್ಲಿ ಉಳಿಯಿತು. ಆ ಉಳಿದ ನೆಲದಲ್ಲಿಯೇ ಈ ಹುಡುಗನು ಬೆಳೆದನು.

ಆತನ ಮನೆತನ ಸಾಮಾನ್ಯವಾದುದಲ್ಲ. ತಾತ ಮೋಹಾಕ್ ಜನಾಂಗದ ಮುಖಂಡ. ತಂದೆ ಮೊದಲನೆಯ ಮಹಾಯುದ್ಧದಲ್ಲಿ ಕೆನಡಾ ಸೈನ್ಯದ ಅಧಿಕಾರಿಯಾಗಿ ಫ್ರಾನ್ಸಿನ ರಣರಂಗದಲ್ಲಿ ಹೋರಾಡಿ, ಗಾಯಗೊಂಡು, ಮಿಲಿಟರಿ ಕ್ರಾಸ್ ಎಂಬ ಪದಕವನ್ನು ಪಡೆದವನು. ಹನ್ನೊಂದು ಮಕ್ಕಳ ದೊಡ್ಡ ಸಂಸಾರ. ಕೆನಡಾದ ಮೂಲನಿವಾಸಿಗಳೆಲ್ಲರಿಗೂ ತಮ್ಮ ಜನಾಂಗದ ಹಕ್ಕುಗಳನ್ನು ಬಿಟ್ಟುಕೊಡದೆ ದೇಶದ ಚುನಾವಣೆಗಳಲ್ಲಿ ಮತ ನೀಡುವ ಅಧಿಕಾರ ದೊರೆತದ್ದು 1960ರಲ್ಲಿ. ಪದಕವನ್ನು ಎದೆಯ ಮೇಲೆ ಧರಿಸಿದ ಸೈನಿಕನ ಜನರೂ ಅಷ್ಟು ಕಾಲ ಕಾಯಬೇಕಾಯಿತೆಂಬುದನ್ನು ಇಲ್ಲಿ ನೆನೆಯಬೇಕು.

ಹುಡುಗನನ್ನು ಹೊರಜಗತ್ತಿಗೆ ಕರೆತಂದದ್ದು ವಿದ್ಯೆಯೂ ಅಲ್ಲ, ಕಲೆಯೂ ಅಲ್ಲ, ಆಟ. ಲಕ್ರಾಸ್ ಎಂಬ ಆಟ ಈ ಆರು ಜನಾಂಗಗಳಿಗೆ ಬರಿಯ ವಿನೋದವಲ್ಲ. ಸೃಷ್ಟಿಕರ್ತನು ಕೊಟ್ಟ ವರವೆಂದು ಅವರು ಅದನ್ನು ಪೂಜ್ಯಭಾವದಿಂದ ಕಾಣುತ್ತಾರೆ. ಬಲೆ ಕಟ್ಟಿದ ಉದ್ದನೆಯ ಕೋಲಿನಿಂದ ಚೆಂಡನ್ನು ಹಿಡಿದು, ಓಡುತ್ತ, ಎಸೆಯುತ್ತ, ಎದುರಾಳಿಯ ಗೂಡಿಗೆ ಸೇರಿಸುವ ಆಟ ಅದು. ಕಾಲಿನ ವೇಗ, ಮೈಯ ಕಸುವು, ಪೆಟ್ಟು ತಿನ್ನುವ ಧೈರ್ಯ ಮೂರೂ ಬೇಕು. 1930ರ ದಶಕದ ಆರಂಭದಲ್ಲಿ ಕೆನಡಾದವರು ಅದನ್ನು ಮಂಜಿನ ಹಾಕಿಯ ಒಳಾಂಗಣಗಳಿಗೆ ತಂದರು. ಬೇಸಗೆಯಲ್ಲಿ ಬರಿದಾಗಿರುತ್ತಿದ್ದ ಆ ಅಂಗಣಗಳಿಗೆ ಜನ ಸೇರತೊಡಗಿದರು. ಆಟಗಾರರಿಗೆ ಹಣವೂ ದೊರೆಯತೊಡಗಿತು. ಹ್ಯಾರಿ ಸ್ಮಿತ್ ಎಂದು ಹೆಸರಾದ ನಮ್ಮ ತರುಣನು ಹೀಗೆ ವೃತ್ತಿಯ ಆಟಗಾರನಾಗಿ ಊರಿಂದೂರಿಗೆ ತಿರುಗಿದನು. ಸಿಲ್ವರ್‌ಹೀಲ್ಸ್, ಎಂದರೆ ಬೆಳ್ಳಿಯ ಹಿಮ್ಮಡಿ, ಎಂಬ ಅಡ್ಡಹೆಸರು ಬಂದದ್ದು ಆಟದ ಈ ದಿನಗಳಲ್ಲಿಯೇ. ಮುಷ್ಟಿಕಾಳಗದಲ್ಲಿಯೂ ಅವನು ಹಿಂದೆ ಬೀಳಲಿಲ್ಲ. 1938ರ ಗೋಲ್ಡನ್ ಗ್ಲವ್ಸ್ ಪಂದ್ಯದಲ್ಲಿ ಮಧ್ಯಮ ತೂಕದ ವರ್ಗದಲ್ಲಿ ಎರಡನೆಯವನಾಗಿ ನಿಂತನು.

1937ರಲ್ಲಿ ಅವನ ತಂಡ ಲಾಸ್ ಏಂಜಲೀಸಿಗೆ ಬಂದಿತು. ಪ್ರೇಕ್ಷಕರಲ್ಲಿ ಜೋ ಇ. ಬ್ರೌನ್ ಎಂಬ ಪ್ರಸಿದ್ಧ ಹಾಸ್ಯನಟನಿದ್ದನು. ಬೆಳ್ಳಿಹಿಮ್ಮಡಿಯ ಈ ಯುವಕನ ಓಟವನ್ನೂ ಮೈಕಟ್ಟನ್ನೂ ಕಂಡು ಬ್ರೌನನು ಚಿತ್ರಗಳಲ್ಲಿ ಪ್ರಯತ್ನಮಾಡುವಂತೆ ಅವನನ್ನು ಪ್ರೇರೇಪಿಸಿದನು. ಹಾಲಿವುಡ್ಡಿನ ಬಾಗಿಲು ತೆರೆಯಿತು; ಆದರೆ ತೆರೆದದ್ದು ಹಿಂಬಾಗಿಲು. ಸುಮಾರು ಹತ್ತು ವರ್ಷಕಾಲ ಅವನಿಗೆ ಸಿಕ್ಕಿದ್ದು ಗುಂಪಿನಲ್ಲಿ ನಿಲ್ಲುವ ಕೆಲಸ, ಕುದುರೆಯಿಂದ ಬೀಳುವ ಕೆಲಸ, ಇನ್ನೊಬ್ಬ ನಟನಿಗೆ ಬದಲಾಗಿ ಪೆಟ್ಟು ತಿನ್ನುವ ಕೆಲಸ. ಚಿತ್ರದ ಮೊದಲಿಗೆ ಬರುವ ಹೆಸರುಗಳ ಪಟ್ಟಿಯಲ್ಲಿ ಅವನ ಹೆಸರು ಬಹುವೇಳೆ ಇರುತ್ತಿರಲಿಲ್ಲ. ಬಂದಾಗಲೂ ಒಮ್ಮೆ ಹೆರಾಲ್ಡ್ ಸ್ಮಿತ್, ಇನ್ನೊಮ್ಮೆ ಹ್ಯಾರಿ ಸ್ಮಿತ್. ಕೊನೆಗೆ ಆಟದ ಮೈದಾನದ ಅಡ್ಡಹೆಸರನ್ನೇ ತೆರೆಯ ಹೆಸರಾಗಿ ಇಟ್ಟುಕೊಂಡನು.

ಅವನ ಮುಖವನ್ನು ಜನ ಗುರುತಿಸುವಂತೆ ಮಾಡಿದ ಪಾತ್ರಗಳು ಬಂದದ್ದು 1940ರ ದಶಕದ ಕೊನೆಗೆ. 1947ರ ಕ್ಯಾಪ್ಟನ್ ಫ್ರಂ ಕ್ಯಾಸ್ಟೀಲ್ ಚಿತ್ರದಲ್ಲಿ ಅವನು ಸ್ಪೇನಿನ ಒಡೆಯನಿಂದ ತಪ್ಪಿಸಿಕೊಂಡ ಮೆಕ್ಸಿಕೋದ ಗುಲಾಮ ಕೋಆಟ್ಲ್. ನಾಯಕ ಟೈರೋನ್ ಪವರ್. ಮರುವರ್ಷ ಜಾನ್ ಹ್ಯೂಸ್ಟನ್ ನಿರ್ದೇಶಿಸಿದ ಕೀ ಲಾರ್ಗೋ ಬಂದಿತು. ಅದರಲ್ಲಿ ಹಂಫ್ರಿ ಬೋಗಾರ್ಟ್, ಎಡ್ವರ್ಡ್ ಜಿ. ರಾಬಿನ್ಸನ್‌ರಂತಹ ಘಟಾನುಘಟಿಗಳಿದ್ದರು. ಸಿಲ್ವರ್‌ಹೀಲ್ಸ್‌ನ ಪಾಲಿಗೆ ಬಂದದ್ದು ಫ್ಲಾರಿಡಾದ ಸೆಮಿನೋಲ್ ಜನಾಂಗದ ಇಬ್ಬರು ಸಹೋದರರಲ್ಲಿ ಒಬ್ಬನ ಪಾತ್ರ. ಕೊಲೆ ಮಾಡಿದವನು ಬಿಳಿಯ ಪಾತಕಿ. ಅವನ ಸುಳ್ಳನ್ನು ನಂಬಿದ ಷೆರೀಫನ ಗುಂಡಿಗೆ ಬಲಿಯಾಗುವವರು ಈ ನಿರಪರಾಧಿ ಸಹೋದರರು. ಕೆಲವೇ ನಿಮಿಷಗಳ ಪಾತ್ರ. ಆದರೆ ಒಂದು ಜನಾಂಗದ ಅನುಭವವೆಲ್ಲ ಅದರಲ್ಲಿ ಅಡಗಿತ್ತು.

ಇನ್ನು ಟಾಂಟೋ ಪಾತ್ರದ ಕಥೆ. ಲೋನ್ ರೇಂಜರ್ ಎಂಬ ಒಂಟಿ ವೀರನು ಹುಟ್ಟಿದ್ದು ತೆರೆಯ ಮೇಲಲ್ಲ, ರೇಡಿಯೋದಲ್ಲಿ. ಮಿಚಿಗನ್ ಸಂಸ್ಥಾನದ ಡೆಟ್ರಾಯಿಟ್ ನಗರದ ನಿಲಯವೊಂದರಿಂದ 1933ರ ಜನವರಿಯಲ್ಲಿ ಆ ನಾಟಕಮಾಲೆ ಆರಂಭವಾಯಿತು. ನಿಲಯದ ಒಡೆಯ ಜಾರ್ಜ್ ಟ್ರೆಂಡ್ಲ್. ಕಥೆಗಾರ ಫ್ರಾನ್ ಸ್ಟ್ರೈಕರ್. ಟೆಕ್ಸಾಸಿನ ಆರು ಜನ ರೇಂಜರುಗಳು, ಎಂದರೆ ಗಡಿಯ ಕಾವಲು ಪೋಲೀಸರು, ದರೋಡೆಕೋರರ ಹೊಂಚಿಗೆ ಸಿಕ್ಕಿ ಬೀಳುತ್ತಾರೆ. ಐವರು ಸಾಯುತ್ತಾರೆ. ಅರೆಜೀವವಾಗಿದ್ದ ಆರನೆಯವನನ್ನು ಟಾಂಟೋ ಎಂಬ ಮೂಲನಿವಾಸಿ ಕಂಡು, ಆರೈಕೆಮಾಡಿ ಬದುಕಿಸುತ್ತಾನೆ. ಅಂದಿನಿಂದ ಆ ರೇಂಜರನು ಕಣ್ಣಿಗೆ ಕಪ್ಪು ಮುಖವಾಡ ಕಟ್ಟಿಕೊಂಡು, ಬಿಳಿಯ ಕುದುರೆಯನ್ನೇರಿ, ಅನ್ಯಾಯವನ್ನು ಅಡಗಿಸುತ್ತ ತಿರುಗುತ್ತಾನೆ. ರಾಮನಿದ್ದಲ್ಲಿ ಹನುಮನೆಂಬಂತೆ ಟಾಂಟೋ ಅವನ ಜೊತೆಗಿರುತ್ತಾನೆ.

ರೇಡಿಯೋದಲ್ಲಿ ಟಾಂಟೋವಿನ ಧ್ವನಿಯಾಗಿದ್ದವನು ಜಾನ್ ಟಾಡ್ ಎಂಬ ಬಿಳಿಯ ಹಿರಿಯ ನಟ. ಪಾತ್ರವನ್ನು ಕಟ್ಟಿದ ರೀತಿಯೂ ಹಾಗೆಯೇ, ಕಂಡವರ ಮನೆಯ ಸಾಮಾನಿನಿಂದ. ಟಾಂಟೋ ಪೊಟವಟೊಮಿ ಜನಾಂಗದವನೆಂದು ಹೇಳುತ್ತಿದ್ದರು. ಅವರು ಮಿಚಿಗನ್ನಿನ ದೊಡ್ಡ ಸರೋವರಗಳ ಸೀಮೆಯವರು. ಟೆಕ್ಸಾಸಿನ ಮರುಭೂಮಿಗೂ ಅವರಿಗೂ ಬಹುದೂರ. ಗೆಳೆಯನನ್ನು ಟಾಂಟೋ ಕರೆಯುವ ಕೀಮೋಸಾಬಿ ಎಂಬ ಪದ ಮಿಚಿಗನ್ನಿನಲ್ಲಿ ಹುಡುಗರಿಗಾಗಿ ನಡೆಯುತ್ತಿದ್ದ ಬೇಸಗೆ ಶಿಬಿರವೊಂದರ ಹೆಸರು. ಟಾಂಟೋ ಎಂಬ ಶಬ್ದಕ್ಕೆ ಸ್ಪ್ಯಾನಿಷ್ ಭಾಷೆಯಲ್ಲಿ ದಡ್ಡನೆಂದು ಅರ್ಥ. ಆ ಭಾಷೆಗೆ ಕಥೆಯನ್ನು ಇಳಿಸಿದವರು ನಾಚಿಕೊಂಡು ಅವನನ್ನು ಟೋರೋ, ಎಂದರೆ ಗೂಳಿ, ಎಂದು ಕರೆಯಬೇಕಾಯಿತು.

ಇವೆಲ್ಲಕ್ಕಿಂತ ಹೆಚ್ಚು ನೋವಿನ ಸಂಗತಿ ಟಾಂಟೋವಿನ ಮಾತು. ಅವನ ಬಾಯಲ್ಲಿ ಇಟ್ಟದ್ದು ಮುರುಕು ಇಂಗ್ಲಿಷು. ಕರ್ತೃವಿರಬೇಕಾದೆಡೆ ಕರ್ಮ, ಕ್ರಿಯಾಪದಕ್ಕೆ ಕಾಲವಿಲ್ಲ, ವಾಕ್ಯಕ್ಕೆ ತಲೆಯಿದ್ದರೆ ಬಾಲವಿಲ್ಲ. ನಾನು ಬಂದೆ ಎನ್ನುವುದಕ್ಕೆ ನನ್ನನ್ನು ಬರು ಎಂದಂತೆ. ವರ್ಷಗಟ್ಟಲೆ ಆ ಬಿಳಿಯನ ಜೊತೆಯಲ್ಲಿಯೇ ಇದ್ದರೂ ಟಾಂಟೋ ಅವನ ಭಾಷೆಯಲ್ಲಿ ಒಂದು ವಾಕ್ಯವನ್ನು ನೆಟ್ಟಗೆ ಕಲಿಯುವುದಿಲ್ಲ! ಆ ಸಾಲುಗಳನ್ನು ಒಪ್ಪಿಸಬೇಕಾಗಿದ್ದ ಸಿಲ್ವರ್‌ಹೀಲ್ಸ್‌ನಾದರೋ ಎಲ್ಲರಂತೆ ಸ್ವಚ್ಛವಾದ ಇಂಗ್ಲಿಷನ್ನು ಆಡುತ್ತಿದ್ದ ಮನುಷ್ಯ. ಮುಂದೆ ಆ ಭಾಷೆಯಲ್ಲಿ ಕವಿತೆಗಳನ್ನು ಬರೆದವನು. ತನ್ನ ನಾಲಗೆಯನ್ನು ದಿನವೂ ಬೇಕೆಂದೇ ತೊದಲಿಸಿ ಹೊಟ್ಟೆ ಹೊರೆಯಬೇಕಾದ ಪಾಡು ಎಂತಹುದೆಂಬುದನ್ನು ಭಾಷೆಯ ವಿದ್ಯಾರ್ಥಿಗಳಾದ ನಾವು ಊಹಿಸಬಲ್ಲೆವು.

1949ರ ಸೆಪ್ಟೆಂಬರ್ 15ರಂದು ಲೋನ್ ರೇಂಜರ್ ದೂರದರ್ಶನದಲ್ಲಿ ಮೊದಲಾಯಿತು. ಪ್ರಸಾರಮಾಡಿದ ಎ.ಬಿ.ಸಿ. ಸಂಸ್ಥೆಗೆ ಅದು ಮೊದಲನೆಯ ಮಹಾಯಶಸ್ಸು. ನಾಯಕನಾಗಿ ಕ್ಲೇಟನ್ ಮೂರ್. ಟಾಂಟೋ ಆಗಿ ಸಿಲ್ವರ್‌ಹೀಲ್ಸ್. ಆಗ ಅಮೆರಿಕದ ಮನೆಗಳಿಗೆ ದೂರದರ್ಶನ ಹೊಸದಾಗಿ ಬರುತ್ತಿದ್ದ ಕಾಲ. ಎಷ್ಟೋ ಮನೆಗಳ ಮಕ್ಕಳು ತಮ್ಮ ಜೀವಮಾನದಲ್ಲಿ ಮೊದಲು ಕಂಡ ಮೂಲನಿವಾಸಿ ಈತನೇ ಆಗಿದ್ದನು. ಒಟ್ಟು 221 ಕಂತುಗಳು, ಒಂದೊಂದೂ ಅರ್ಧ ಗಂಟೆಯದು. ಲಾಸ್ ಏಂಜಲೀಸಿನ ಬಳಿಯ ಐವರ್ಸನ್ ರ‍್ಯಾಂಚ್ ಎಂಬ ಬಂಡೆಗಳ ಬಯಲಿನಲ್ಲಿ ಹೊರಾಂಗಣದ ದೃಶ್ಯಗಳನ್ನು ತೆಗೆಯುತ್ತಿದ್ದರು.

ಇಲ್ಲಿಯೇ ಈ ನಟನ ಹೆಚ್ಚುಗಾರಿಕೆಯನ್ನು ನೋಡಬೇಕು. ಬರೆದುಕೊಟ್ಟ ಮಾತನ್ನು ಬದಲಿಸುವ ಅಧಿಕಾರ ಅವನಿಗಿರಲಿಲ್ಲ. ಆದರೆ ಮಾತಿನ ಸುತ್ತ ಇರುವ ಮೈ, ಮುಖ, ಮೌನ ಇವು ನಟನ ಸ್ವತ್ತು. ಅವನ್ನು ಯಾವ ಕಥೆಗಾರನೂ ಬರೆದುಕೊಡಲಾರ. ಸಿಲ್ವರ್‌ಹೀಲ್ಸ್ ಟಾಂಟೋವನ್ನು ಬೆನ್ನು ಬಾಗಿಸದೆ ನಿಲ್ಲಿಸಿದನು. ಹಲ್ಲುಕಿರಿಯಲಿಲ್ಲ, ಕೈಕಟ್ಟಲಿಲ್ಲ, ಕೋಡಂಗಿಯಾಟ ಆಡಲಿಲ್ಲ. ನಾಯಕನು ಮಾತನಾಡುವಾಗ ಸುಮ್ಮನೆ ಕೇಳುವುದರಲ್ಲಿಯೇ ಒಂದು ತೂಕವಿರುತ್ತಿತ್ತು. ಮೈದಾನದಲ್ಲಿ ಪಳಗಿದ ದೇಹವಾದ್ದರಿಂದ ಕುದುರೆಗೆ ಹಾರುವುದಾಗಲಿ, ನಾಲ್ವರೊಡನೆ ಸೆಣಸುವುದಾಗಲಿ ನಟನೆಯಂತೆ ಕಾಣುತ್ತಿರಲಿಲ್ಲ. ಎಷ್ಟೋ ಕಂತುಗಳಲ್ಲಿ ಊರೊಳಗೆ ಹೋಗಿ ಸುದ್ದಿ ತರುವ, ಅಲ್ಲಿನ ಪುಂಡರಿಂದ ಪೆಟ್ಟು ತಿನ್ನುವ ಕೆಲಸ ಟಾಂಟೋವಿನದು. ಪೆಟ್ಟು ತಿಂದು ಎದ್ದ ಮೇಲೆ ಆ ಮುಖದಲ್ಲಿ ದೈನ್ಯವಿರುತ್ತಿರಲಿಲ್ಲ. ಮಾತು ಅವನನ್ನು ಕೀಳುಮಾಡಿದರೆ ನಿಲುವು ಅವನನ್ನು ಮೇಲೆತ್ತುತ್ತಿತ್ತು.

1952ರಲ್ಲಿ ಒಂದು ವಿಚಿತ್ರ ಸಂಗತಿ ನಡೆಯಿತು. ನಾಯಕ ಕ್ಲೇಟನ್ ಮೂರ್‌ನನ್ನು ಬಿಟ್ಟು, ಜಾನ್ ಹಾರ್ಟ್ ಎಂಬ ಬೇರೊಬ್ಬ ನಟನಿಗೆ ಅದೇ ಮುಖವಾಡವನ್ನು ಕಟ್ಟಿ ಕುದುರೆಯ ಮೇಲೆ ಕೂರಿಸಿದರು. 52 ಕಂತುಗಳು ಹೀಗೆಯೇ ನಡೆದವು. ಆಮೇಲೆ ಮೂರ್ ಮರಳಿ ಬಂದನು. ಟಾಂಟೋ ಮಾತ್ರ ಬದಲಾಗಲಿಲ್ಲ. ಕಥೆಗೆ ಹೆಸರು ಕೊಟ್ಟ ನಾಯಕನ ಜಾಗಕ್ಕೆ ಇನ್ನೊಬ್ಬನನ್ನು ತರಬಹುದಾಗಿತ್ತು, ಏಕೆಂದರೆ ಅವನು ಮುಖವಾಡದವನು. ಸಂಗಡಿಗನದು ತೆರೆದ ಮುಖ. ಅದನ್ನು ನಾಡಿನ ಮಕ್ಕಳೆಲ್ಲ ಬಲ್ಲರು. ಎರಡನೆಯವನೆಂದು ಇಟ್ಟುಕೊಂಡವನೇ ಕಥೆಯ ಕದಲದ ಕಂಬವಾಗಿ ನಿಂತನು.

ಅದೇ ಕಾಲದಲ್ಲಿ ಸಿನಿಮಾದಲ್ಲಿ ಅವನಿಗೆ ಇದಕ್ಕೆ ತೀರ ವಿರುದ್ಧವಾದ ಪಾತ್ರವೊಂದು ದೊರೆಯಿತು. 1950ರಲ್ಲಿ ಡೆಲ್ಮರ್ ಡೇವ್ಸ್ ನಿರ್ದೇಶಿಸಿದ ಬ್ರೋಕನ್ ಆ್ಯರೋ ಬಿಡುಗಡೆಯಾಯಿತು. ಮೂಲನಿವಾಸಿಗಳನ್ನು ಮನುಷ್ಯರೆಂದು ಕಂಡ ಹಾಲಿವುಡ್ಡಿನ ಮುಖ್ಯ ಚಿತ್ರಗಳಲ್ಲಿ ಅದೂ ಒಂದು. ಅಪಾಚೆ ಜನಾಂಗದ ಮುಖಂಡ ಕೋಚೀಸನು ಬಿಳಿಯರೊಡನೆ ಸಂಧಿ ಮಾಡಿಕೊಳ್ಳುವುದು ಅದರ ವಸ್ತು. ಸಂಧಿಯನ್ನು ಒಪ್ಪದೆ, ಸಭೆಯಿಂದ ಎದ್ದು, ತನ್ನವರನ್ನು ಕರೆದುಕೊಂಡು ಹೊರಟುಹೋಗುವವನು ಜೆರೋನಿಮೋ. ಆ ಪಾತ್ರ ಸಿಲ್ವರ್‌ಹೀಲ್ಸ್‌ನದು. ಅಪಾಚೆಗಳು ತಮ್ಮತಮ್ಮಲ್ಲಿ ಆಡುವ ಮಾತನ್ನು ಪ್ರೇಕ್ಷಕರ ಅನುಕೂಲಕ್ಕಾಗಿ ಇಂಗ್ಲಿಷಿನಲ್ಲಿಯೇ ಆಡಿಸುವುದಾಗಿ ಚಿತ್ರದ ಆರಂಭದಲ್ಲಿಯೇ ಹೇಳಿಬಿಡುತ್ತಾರೆ. ಆದ್ದರಿಂದ ಜೆರೋನಿಮೋ ಆಡುವುದು ಪೂರ್ಣವಾದ, ನೆಟ್ಟಗಿನ ವಾಕ್ಯಗಳನ್ನು. ದೂರದರ್ಶನದಲ್ಲಿ ವಿಭಕ್ತಿ ತಪ್ಪಿಸಿ ಆಡುವ ಅದೇ ನಾಲಗೆ ಇಲ್ಲಿ ಬಿಳಿಯರ ಒಪ್ಪಂದವನ್ನು ತಿರಸ್ಕರಿಸುತ್ತದೆ. ಮನೆಯ ಪೆಟ್ಟಿಗೆಯಲ್ಲಿ ಬಿಳಿಯನ ನಿಷ್ಠಾವಂತ ಗೆಳೆಯ; ಊರಿನ ಚಿತ್ರಮಂದಿರದಲ್ಲಿ ಬಿಳಿಯನಿಗೆ ಮಣಿಯದ ವೀರ. ಎರಡೂ ಒಬ್ಬನೇ ಮನುಷ್ಯ.

ಆದರೂ ಆ ಚಿತ್ರದಲ್ಲಿ ಕೋಚೀಸನಾಗಿ ನಟಿಸಿದವನು ನ್ಯೂಯಾರ್ಕಿನ ಬ್ರೂಕ್ಲಿನ್ನಿನಲ್ಲಿ ಹುಟ್ಟಿದ ಜೆಫ್ ಚಾಂಡ್ಲರ್. ಪೋಷಕ ನಟನ ಆಸ್ಕರ್ ಪ್ರಶಸ್ತಿಗೆ ಹೆಸರು ಹೋದದ್ದೂ ಚಾಂಡ್ಲರನದೇ. ಚಿತ್ರದ ನಾಯಕಿಯಾದ ಅಪಾಚೆ ತರುಣಿಯ ವೇಷದಲ್ಲಿದ್ದವಳು ಡೆಬ್ರಾ ಪ್ಯಾಜೆಟ್ ಎಂಬ ಬಿಳಿಯ ನಟಿ. ಒಳ್ಳೆಯ ಉದ್ದೇಶದ ಚಿತ್ರದಲ್ಲಿಯೂ ಮೇಲಿನ ಮಣೆ ಬಣ್ಣ ಬಳಿದುಕೊಂಡವರಿಗೇ. ಸಿಲ್ವರ್‌ಹೀಲ್ಸ್ ಜೆರೋನಿಮೋವಿನ ಪಾತ್ರವನ್ನು 1952ರ ಬ್ಯಾಟಲ್ ಅಟ್ ಅಪಾಚೆ ಪಾಸ್ ಮತ್ತು 1956ರ ವಾಕ್ ದಿ ಪ್ರೌಡ್ ಲ್ಯಾಂಡ್ ಚಿತ್ರಗಳಲ್ಲಿ ಮತ್ತೆ ಎರಡು ಬಾರಿ ಮಾಡಿದನು. ಮೂರು ಬಾರಿಯೂ ಅವನು ನಾಯಕನಲ್ಲ. ನಾಯಕನು ಎದುರಿಸಬೇಕಾದ ಅಡ್ಡಿ.

ದುಡಿಮೆ ದೇಹವನ್ನು ತಿಂದಿತ್ತು. 1955ರಲ್ಲಿ, ನಲವತ್ತಮೂರರ ವಯಸ್ಸಿನ ಆಸುಪಾಸಿನಲ್ಲಿ, ಅವನಿಗೆ ಹೃದಯಾಘಾತವಾಯಿತು. ಕೆಲವು ಕಂತುಗಳಲ್ಲಿ ಟಾಂಟೋವಿನ ಬದಲು ನಾಯಕನ ಅಣ್ಣನ ಮಗನ ಪಾತ್ರವನ್ನು ಮುಂದೆ ತಂದು ಕಥೆಯನ್ನು ಸಾಗಿಸಿದರು. ಚೇತರಿಸಿಕೊಂಡು ಅವನು ಮರಳಿದನು. 1956ರಲ್ಲಿಯೂ 1958ರಲ್ಲಿಯೂ ಲೋನ್ ರೇಂಜರನ ಕಥೆ ಬಣ್ಣದ ಸಿನಿಮಾ ಆಗಿ ಬಂದಾಗ ಟಾಂಟೋ ಅವನೇ. ಎರಡನೆಯ ಚಿತ್ರದಲ್ಲಿ ತನ್ನ ಹುಟ್ಟನ್ನು ಮುಚ್ಚಿಟ್ಟು ಬಿಳಿಯನೆಂದು ಹೇಳಿಕೊಂಡು ಬಾಳುವ ಯುವಕ ವೈದ್ಯನೊಬ್ಬನ ಪಾತ್ರ ಬರುತ್ತದೆ. ಗೌರವದಿಂದ ಬಾಳಬೇಕಾದರೆ ತನ್ನ ಜನರನ್ನು ಮರೆಮಾಚಬೇಕೆ ಎಂಬ ಪ್ರಶ್ನೆ ಮಕ್ಕಳ ಸಾಹಸಕಥೆಯೊಳಕ್ಕೂ ಹೀಗೆ ಬಂದು ನಿಂತಿತು.

ಕಥಾಮಾಲೆ ನಿಂತ ಮೇಲೆ ಅವನ ಕಷ್ಟದ ದಿನಗಳು ಮೊದಲಾದವು. ಎಲ್ಲರಿಗೂ ಗೊತ್ತಿದ್ದ ಮುಖವೇ ಅವನಿಗೆ ಗೋಡೆಯಾಯಿತು. ಬೇರೆ ಪಾತ್ರ ಕೊಡಬೇಕೆಂದರೆ ನಿರ್ಮಾಪಕರಿಗೆ ಟಾಂಟೋ ಕಾಣಿಸುತ್ತಿದ್ದನು. ಕೊಟ್ಟರೆ ಮತ್ತೊಬ್ಬ ಮೂಲನಿವಾಸಿಯ ಪಾತ್ರವನ್ನೇ ಕೊಡುತ್ತಿದ್ದರು. ವ್ಯಾಗನ್ ಟ್ರೇನ್, ಡೇನಿಯಲ್ ಬೂನ್ ಮೊದಲಾದ ಕಥಾಮಾಲೆಗಳಲ್ಲಿ ಒಂದೊಂದು ಕಂತಿಗೆ ಬಂದುಹೋದನು. ಮಡದಿಮಕ್ಕಳ ಸಂಸಾರ ಸಾಗಬೇಕು. ನಾಡಿನ ಮಕ್ಕಳೆಲ್ಲ ಬಲ್ಲ ನಟನು ಮಾರಾಟಗಾರನಾಗಿಯೂ ದುಡಿದನು. ಆ ಬಿಡುವಿನಲ್ಲಿಯೇ ತನ್ನ ಬಾಲ್ಯದ ಊರಿನ ನೆನಪುಗಳನ್ನು ಕವಿತೆಗಳಾಗಿ ಬರೆದು ಪ್ರಕಟಿಸಿದನು; ದೂರದರ್ಶನದಲ್ಲಿ ಓದಿದನು. ಟಾಂಟೋವಿಗೆ ವಾಕ್ಯವಿಲ್ಲದಿದ್ದರೇನು, ಸಿಲ್ವರ್‌ಹೀಲ್ಸ್‌ನಿಗೆ ಕಾವ್ಯವಿದ್ದಿತು.

ಅವನ ಜೀವನದ ಅತ್ಯಂತ ಮುಖ್ಯವಾದ ಕೆಲಸ ನಡೆದದ್ದು ಈ ಮಂಕಾದ ದಿನಗಳಲ್ಲಿ. 1950ರ ದಶಕದಲ್ಲಿ ಅಮೆರಿಕದ ಸರಕಾರವು ಮೂಲನಿವಾಸಿಗಳನ್ನು ಮೀಸಲು ಪ್ರದೇಶಗಳಿಂದ ನಗರಗಳಿಗೆ ಕಳುಹಿಸುವ ಯೋಜನೆಯನ್ನು ಕೈಗೊಂಡಿತ್ತು. ಹಾಗೆ ಬಂದವರಲ್ಲಿ ಬಹುಮಂದಿ ಲಾಸ್ ಏಂಜಲೀಸಿನಲ್ಲಿ ನೆಲೆಸಿದರು. ಮೂಲನಿವಾಸಿಗಳ ಪಾತ್ರಕ್ಕೆ ಅವರನ್ನೇಕೆ ಕರೆಯುವುದಿಲ್ಲವೆಂದು ಕೇಳಿದರೆ ಚಿತ್ರೋದ್ಯಮದವರ ಬಳಿ ಸಿದ್ಧವಾದ ಉತ್ತರವಿತ್ತು: ಅವರಲ್ಲಿ ತರಬೇತಿ ಪಡೆದ ನಟರಿಲ್ಲ. ತರಬೇತಿ ಏಕಿಲ್ಲವೆಂದರೆ, ಅವಕಾಶವಿಲ್ಲ. ಅವಕಾಶ ಏಕಿಲ್ಲವೆಂದರೆ, ತರಬೇತಿಯಿಲ್ಲ. ಈ ಗಾಣದ ಸುತ್ತನ್ನು ಒಂದೆಡೆ ಕಡಿಯಬೇಕಾಗಿತ್ತು. 1960ರ ದಶಕದಲ್ಲಿ ಸಿಲ್ವರ್‌ಹೀಲ್ಸ್ ತನ್ನಂತಹ ಕೆಲವು ನಟರೊಡನೆ ಸೇರಿ ಆ ನಗರದ ಎಕೋ ಪಾರ್ಕ್ ಭಾಗದಲ್ಲಿ ಇಂಡಿಯನ್ ಆ್ಯಕ್ಟರ್ಸ್ ವರ್ಕ್‌ಶಾಪ್ ಎಂಬ ನಟನಾಶಾಲೆಯನ್ನು ನಡೆಸಿದನು. ತಾನು ಹಿಂಬಾಗಿಲಿನಿಂದ ಬಂದವನು, ಬರುವವರಿಗಾಗಿ ಮುಂಬಾಗಿಲನ್ನು ತೆರೆಯಲು ಹೆಗಲುಕೊಟ್ಟನು.

ಕಹಿಯನ್ನು ನಗೆಯಾಗಿ ಮಾಡುವ ಶಕ್ತಿಯೂ ಅವನಲ್ಲಿತ್ತು. 1969ರಲ್ಲಿ ಜಾನಿ ಕಾರ್ಸನ್ ನಡೆಸುತ್ತಿದ್ದ ಟುನೈಟ್ ಷೋ ಎಂಬ ಜನಪ್ರಿಯ ಕಾರ್ಯಕ್ರಮದಲ್ಲಿ ಒಂದು ಹಾಸ್ಯಪ್ರಸಂಗವನ್ನು ಆಡಿದನು. ಮೂವತ್ತು ವರ್ಷ ಲೋನ್ ರೇಂಜರನ ಬಳಿ ದುಡಿದ ಟಾಂಟೋ ಬೇರೆ ಕೆಲಸ ಬೇಡಿಕೊಂಡು ಬರುತ್ತಾನೆ. ಹಿಂದೆ ಏನೇನು ಕೆಲಸ ಮಾಡಿದ್ದೆಯೆಂದು ಕೇಳಿದಾಗ ಬೇಟೆ, ಅಡಿಗೆ, ಹೊಲಿಗೆ, ರಾತ್ರಿಯ ಕಾವಲು ಎಂದು ಒಂದೊಂದಾಗಿ ಎಣಿಸುತ್ತಾನೆ. ಜನ ಬಿದ್ದುಬಿದ್ದು ನಕ್ಕರು. ಸ್ವಾಮಿಭಕ್ತಿಯೆಂದು ತಾವು ಬಾಲ್ಯದಲ್ಲಿ ಮೆಚ್ಚಿದ್ದು ಸಂಬಳವಿಲ್ಲದ ಚಾಕರಿಯಾಗಿತ್ತಲ್ಲವೆ ಎಂಬುದು ಆ ನಗುವಿನ ನಡುವೆ ಕೆಲವರಿಗಾದರೂ ಹೊಳೆದಿರಬೇಕು. ಅದೇ ವರ್ಷ ಜಾನ್ ವೇನ್ ನಟಿಸಿದ ಟ್ರೂ ಗ್ರಿಟ್ ಚಿತ್ರದಲ್ಲಿ ನೇಣಿಗೇರುವ ಮೂವರಲ್ಲಿ ಒಬ್ಬನಾಗಿ ಒಂದು ಕ್ಷಣ ಕಾಣಿಸಿಕೊಂಡನು. ಹೆಸರುಗಳ ಪಟ್ಟಿಯಲ್ಲಿ ಅವನ ಹೆಸರಿಲ್ಲ. ಮೂವತ್ತೆರಡು ವರ್ಷಗಳ ಸೇವೆಯ ಅನಂತರವೂ ಹೀಗೆ.

1971ರಲ್ಲಿ ಅವನು ಕಾನೂನಿನ ಪ್ರಕಾರವೂ ತನ್ನ ಹೆಸರನ್ನು ಜೇ ಸಿಲ್ವರ್‌ಹೀಲ್ಸ್ ಎಂದು ಬದಲಿಸಿಕೊಂಡನು. 1973ರಲ್ಲಿ ಸ್ಯಾಂಟೀ, ದಿ ಮ್ಯಾನ್ ಹೂ ಲವ್ಡ್ ಕ್ಯಾಟ್ ಡ್ಯಾನ್ಸಿಂಗ್ ಮುಂತಾದ ಕೆಲವು ಚಿತ್ರಗಳಲ್ಲಿ ನಟಿಸಿದನು. ಕುದುರೆಗಳ ಮೇಲಿನ ಪ್ರೀತಿ ಅವನನ್ನು ಬಿಡಲಿಲ್ಲ. ಗಾಡಿ ಕಟ್ಟಿದ ಕುದುರೆಗಳ ಪಂದ್ಯದಲ್ಲಿ ಸಾರಥಿಯಾಗಲು 1974ರಲ್ಲಿ, ಅರವತ್ತು ದಾಟಿದ ಮೇಲೆ, ಪರವಾನಗಿ ಪಡೆದನು. ಟಾಂಟೋವಿನ ಕುದುರೆ ಸ್ಕೌಟನ್ನು ಪಂದ್ಯಕ್ಕೆ ಇಳಿಸಬಾರದೆ ಎಂದು ಯಾರೋ ಕೇಳಿದರೆ, ಅದಕ್ಕಿಂತ ತಾನೇ ಜೋರಾಗಿ ಓಡಬಲ್ಲೆನೆಂದು ನಕ್ಕನಂತೆ. ಬೆಳ್ಳಿಯ ಹಿಮ್ಮಡಿಯವನಿಗೆ ಒಪ್ಪುವ ಮಾತು.

1976ರಲ್ಲಿ ಪಾರ್ಶ್ವವಾಯು ಬಡಿಯಿತು. 1979ರಲ್ಲಿ ಹಾಲಿವುಡ್ಡಿನ ರಾಜಬೀದಿಯ ನೆಲದಲ್ಲಿ ತಾರೆಯೊಂದರೊಳಗೆ ಅವನ ಹೆಸರನ್ನು ಕೆತ್ತಿದರು. ಈ ಗೌರವ ಪಡೆದ ಮೂಲನಿವಾಸಿ ನಟರಲ್ಲಿ ಅವನೇ ಮೊದಲಿಗನೆನ್ನುತ್ತಾರೆ. ಅದೇ 1979ರಲ್ಲಿ ಅವನ ಹಳೆಯ ಜೊತೆಗಾರ ಕ್ಲೇಟನ್ ಮೂರ್ ಸಾರ್ವಜನಿಕವಾಗಿ ಆ ಕಪ್ಪು ಮುಖವಾಡವನ್ನು ಧರಿಸಕೂಡದೆಂದು ನ್ಯಾಯಾಲಯದ ಆಜ್ಞೆಯಾಯಿತು; ಪಾತ್ರದ ಹಕ್ಕು ಬೇರೆಯವರದಾಗಿತ್ತು, ಅವರು ಹೊಸ ಚಿತ್ರವೊಂದನ್ನು ಯೋಚಿಸಿದ್ದರು. ಮುಖವಾಡವನ್ನು ಕೊಟ್ಟವರು ಅದನ್ನು ಕಿತ್ತುಕೊಳ್ಳಬಲ್ಲರು. ಸಿಲ್ವರ್‌ಹೀಲ್ಸ್‌ನಿಂದ ಕಿತ್ತುಕೊಳ್ಳಬಹುದಾದ ಮುಖವಾಡವೇ ಇರಲಿಲ್ಲ.

1980ನೆಯ ಇಸವಿ ಮಾರ್ಚ್ 5ರಂದು ಕ್ಯಾಲಿಫೋರ್ನಿಯಾದಲ್ಲಿ ಅವನು ತೀರಿಕೊಂಡನು. ಆಗ ವಯಸ್ಸು ಅರವತ್ತೇಳು. ಚಿತಾಭಸ್ಮವನ್ನು ಗ್ರ್ಯಾಂಡ್ ನದಿಯ ದಡದ ಹುಟ್ಟೂರಿಗೆ ಒಯ್ದರು. 1993ರಲ್ಲಿ ವೆಸ್ಟರ್ನ್ ಚಿತ್ರಗಳ ಮಹಾನಟರ ಸಾಲಿನಲ್ಲಿ ಅವನನ್ನು ಸೇರಿಸಿದರು; 1997ರಲ್ಲಿ ಕೆನಡಾದ ಲಕ್ರಾಸ್ಕೀರ್ತಿಮಂದಿರದಲ್ಲಿಯೂ ಅವನ ಹೆಸರು ಸೇರಿತು. ಅಲ್ಲಿ ಬರೆದದ್ದು ಹ್ಯಾರಿ ಟಾಂಟೋ ಸ್ಮಿತ್ ಎಂದು. ಆ ಹೆಸರು ಆಟದ ಮೈದಾನದವರೆಗೂ ಅವನ ಬೆನ್ನುಹತ್ತಿ ಬಂದಿತ್ತು!

ಅವನ ವಿಷಯದಲ್ಲಿ ಎರಡು ಬಗೆಯ ಅಭಿಪ್ರಾಯಗಳಿವೆ. ಬಿಳಿಯನ ಹಿಂದೆ ನಡೆಯುವ ಮುರುಕು ಮಾತಿನ ಸೇವಕನನ್ನು ಮನೆಮನೆಗೆ ಮುಟ್ಟಿಸಿ ಆ ತಪ್ಪು ಚಿತ್ರವನ್ನು ಬಲಪಡಿಸಿದನೆಂದು ಕೆಲವರು ಹೇಳುತ್ತಾರೆ. ಕಳ್ಳರೂ ಕೊಲೆಗಡುಕರೂ ಆಗಿ ಮಾತ್ರ ತನ್ನವರನ್ನು ತೋರಿಸುತ್ತಿದ್ದ ಕಾಲದಲ್ಲಿ ನ್ಯಾಯದ ಪಕ್ಷದಲ್ಲಿ ನಿಂತ ಒಬ್ಬ ಮೂಲನಿವಾಸಿಯನ್ನು ತೋರಿಸಿದನೆಂದು ಮತ್ತೆ ಕೆಲವರು. ನನಗೆ ತೋರುವಂತೆ ಎರಡೂ ನಿಜ. ಮೊದಲನೆಯದು ಪಾತ್ರವನ್ನು ಬರೆದವರ ಲೆಕ್ಕಕ್ಕೆ ಹೋಗತಕ್ಕದ್ದು. ಎರಡನೆಯದು ನಟನ ಲೆಕ್ಕಕ್ಕೆ. ಪಾತ್ರವನ್ನು ತಿರಸ್ಕರಿಸಿ ಅವನು ಮನೆಗೆ ಹೋಗಬಹುದಾಗಿತ್ತು. ಹೋಗಿದ್ದರೆ ಅವನ ಕೈ ಸ್ವಚ್ಛವಾಗಿರುತ್ತಿತ್ತು. ಟಾಂಟೋವಿನ ವೇಷಕ್ಕೆ ಬಣ್ಣ ಬಳಿದ ಮತ್ತೊಬ್ಬನು ಬರುತ್ತಿದ್ದನು. ಇದು ಬರಿಯ ಊಹೆಯಲ್ಲ. ಅವನು ಸತ್ತು ಮೂವತ್ತಮೂರು ವರ್ಷಗಳಾದ ಮೇಲೆ, 2013ರಲ್ಲಿ, ಲೋನ್ ರೇಂಜರ್ ಮತ್ತೆ ಭಾರಿ ವೆಚ್ಚದ ಸಿನಿಮಾ ಆದಾಗ ಟಾಂಟೋ ಆದವನು ಮುಖಕ್ಕೆ ಬಿಳಿಯ ಬಣ್ಣ ಬಳಿದು ತಲೆಯ ಮೇಲೆ ಕಾಗೆಯನ್ನು ಹೊತ್ತ ಜಾನಿ ಡೆಪ್. ಅದರ ಬಗ್ಗೆ ಮೂಲನಿವಾಸಿಗಳಲ್ಲಿಯೇ ಬಹಳ ಚರ್ಚೆಯಾಯಿತು. ಆ ಚರ್ಚೆಯಲ್ಲಿ ಹಳೆಯ ಟಾಂಟೋವಿನ ತೆರೆದ ಮುಖವನ್ನು ನೆನೆದವರು ಕಡಿಮೆಯಲ್ಲ.

ನಮಗೆ ಬೇಕಾದ ಪಾತ್ರವನ್ನೇ ಜೀವನವು ನಮಗೆ ಕೊಡುವುದೆಂಬ ಭರವಸೆಯಿಲ್ಲ. ಕೊಟ್ಟ ಪಾತ್ರದ ಮಾತುಗಳು ಕೆಲವು ವೇಳೆ ನಮ್ಮ ಯೋಗ್ಯತೆಗೆ ತಕ್ಕವೂ ಅಲ್ಲ. ಆಗ ನೆಟ್ಟಗೆ ನಿಲ್ಲುವುದೊಂದು ನಮ್ಮ ಕೈಯಲ್ಲಿರುತ್ತದೆ. ನಮ್ಮ ಹಿಂದೆ ಬರುವವನಿಗೆ ಇದಕ್ಕಿಂತ ಒಳ್ಳೆಯ ಮಾತುಗಳು ಸಿಗುವಂತೆ ದುಡಿಯುವುದೂ ನಮ್ಮ ಕೈಯಲ್ಲಿರುತ್ತದೆ. ಜೇ ಸಿಲ್ವರ್‌ಹೀಲ್ಸ್ ಈ ಎರಡನ್ನೂ ಮಾಡಿದನು. ಮುಂದಿನ ವಾರ್ಷಿಕೋತ್ಸವದಲ್ಲಿ ಸೇವಕನ ವೇಷ ಯಾರ ಪಾಲಿಗಾದರೂ ಬಂದರೆ, ಆ ಗೆಳೆಯನು ಈತನನ್ನು ಒಮ್ಮೆ ನೆನೆದು ರಂಗಕ್ಕೆ ಕಾಲಿಡಲಿ.